ಕುರ್ಚಿ ಎತ್ತುವವನ ಮುಖ

ಮೊನ್ನೆ ನನ್ನ ಹೆಂಡತಿ ಶಾರದೆ ನನ್ನ ಕರಿ ಅಂಗಿಯೊಂದನ್ನು ನಡುವೆ ಹರಿದು ನೆಲ ಒರೆಸುವ ಅರಿವೆ ಮಾಡಿಬಿಟ್ಟಳು. ಹರಿದದ್ದಕ್ಕಲ್ಲ, ನನ್ನನ್ನು ಒಂದು ಮಾತು ಕೇಳದೆ ಹರಿದದ್ದಕ್ಕೆ ಸಿಟ್ಟು ಬಂತು. ಕೇಳಿದ್ದರೆ ನಾನು ಬೇಡ ಎನ್ನುತ್ತಿದ್ದೆ. ಅದು ಗೊತ್ತಿದ್ದೇ ಅವಳು ಕೇಳಿರಲಿಲ್ಲ.

"ಕಪಾಟ ತೆಗದ್ರ ಶನಿದೇವರ ಗುಡಿ ಬಾಗಲಾ ತೆಗದಂಗ ಆಗತದ. ಮನಷ್ಯಾಗ ಒಂದು ಬಿಳೇ ಅಂಗಿ, ಒಂದು ನೀಲಿ ಅಂಗಿ ಅಂತ ಇರಬ್ಯಾಡೇನ್ರಿ?" ಎಂದು ನನ್ನನ್ನೇ ತಿರುಗಿ ಕೇಳಿದಳು.

ಅವಳ ಮಾತಿನಲ್ಲಿ ಸುಳ್ಳಿಲ್ಲ. ನನ್ನ ಕಪಾಟಿನ ತುಂಬ ಕರಿ ಅಂಗಿಗಳೇ. ಸತ್ಯನಾರಾಯಣ ಪೂಜೆಗೆ ಕರೆದವರ ಮನೆಗೂ ಒಮ್ಮೆ ಅದನ್ನೇ ತೊಟ್ಟು ಹೋಗಿ, ಆ ಮನೆಯ ಹಿರಿಯರು ನನ್ನನ್ನು ಬಾಗಿಲಲ್ಲೇ ತಡೆದು ಮೀಟರ್ ಓದುವುದಕ್ಕೆ ಬಂದಿದ್ದೀರಾ ಎಂದು ಕೇಳಿದ್ದುಂಟು. ಆದರೆ ಕರಿ ಅಂಗಿ ನನ್ನ ಶೋಕಿಯಲ್ಲ, ಅದು ನನ್ನ ಕಸುಬಿನ ಸಮವಸ್ತ್ರ. ನೀವು ನಾಟಕ ನೋಡಿದವರಾದರೆ ನೆನಪು ಮಾಡಿಕೊಳ್ಳಿ. ದೃಶ್ಯ ಮುಗಿಯುತ್ತದೆ, ದೀಪ ಆರುತ್ತದೆ, ಮತ್ತೆ ದೀಪ ಬಂದಾಗ ಸೋಫಾ ಇದ್ದ ಜಾಗದಲ್ಲಿ ಆಸ್ಪತ್ರೆಯ ಮಂಚ ಬಂದಿರುತ್ತದೆ. ಅದು ತಾನಾಗಿಯೇ ನಡೆದು ಬಂತೆಂದು ನೀವು ಇಷ್ಟು ವರ್ಷ ನಂಬಿದ್ದರೆ ನಿಮ್ಮ ದೊಡ್ಡ ಮನಸ್ಸಿಗೆ ನಮಸ್ಕಾರ. ತಂದವನು ನಾನು. ಕತ್ತಲಲ್ಲಿ ಕಾಣಬಾರದೆಂದೇ ಕರಿ ಅಂಗಿ.

ಗದಗಿನವನಾದ ನಾನು ಗುಜರಾತಿ ನಾಟಕದ ಸೋಫಾ ಎತ್ತುವುದಕ್ಕೆ ಬಂದದ್ದಾದರೂ ಹೇಗೆ ಎಂದು ನೀವು ಕೇಳಬಹುದು. ನಮ್ಮಪ್ಪನೂ ಸಾಯುವವರೆಗೆ ಅದನ್ನೇ ಕೇಳುತ್ತಿದ್ದ. ವಿಮಾ ಕಚೇರಿಯ ಗುಮಾಸ್ತನಾಗಿ ನನಗೆ ವಡೋದರಾಕ್ಕೆ ವರ್ಗವಾಯಿತು. ಅಲ್ಲಿನ ಗೋರ್ವಾ ಬಡಾವಣೆಯಲ್ಲಿ ಒಂದು ಕೋಣೆ ಹಿಡಿದೆ. ಸಂಜೆ ಐದೂವರೆಗೆ ಕಚೇರಿ ಮುಗಿದರೆ ಆಮೇಲೆ ಮಾಡುವುದಕ್ಕೆ ಕೆಲಸವಿಲ್ಲ, ಮಾತಾಡುವುದಕ್ಕೆ ಭಾಷೆಯಿಲ್ಲ. ಮನೆ ಮಾಲೀಕರ ಮೈದುನ ಜಯಂತಿಭಾಯಿ ಎಂಬವನು ಹಗಲು ಕೊಯಾಲಿಯ ತೈಲ ಶುದ್ಧೀಕರಣ ಕಾರ್ಖಾನೆಯಲ್ಲಿ ಕೆಲಸ ಮಾಡುತ್ತ, ಸಂಜೆ ಒಂದು ನಾಟಕ ತಂಡ ನಡೆಸುತ್ತಿದ್ದ. ಒಂದು ದಿನ ಅವನು ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿ ನಿನಗೆ ಗುಜರಾತಿ ಬರುತ್ತದೆಯೇ ಎಂದು ಹಿಂದಿಯಲ್ಲಿ ಕೇಳಿದ. ಒಂದಕ್ಷರವೂ ಬರುವುದಿಲ್ಲ ಎಂದೆ. ಅವನ ಮುಖ ಅರಳಿತು. "ಬಹುತ್ ಅಚ್ಛಾ. ಕಲ್ ಸೇ ಆ ಜಾವೋ" ಎಂದ. ಬಹಳ ಒಳ್ಳೆಯದು, ನಾಳೆಯಿಂದ ಬಾ ಎಂದು.

ಕಾರಣ ಆಮೇಲೆ ತಿಳಿಯಿತು. ನನಗಿಂತ ಮೊದಲು ಸಾಮಾನು ಎತ್ತುತ್ತಿದ್ದ ಮನುಷ್ಯನಿಗೆ ನಗು ತಡೆಯುತ್ತಿರಲಿಲ್ಲವಂತೆ. ಆಡುತ್ತಿದ್ದದ್ದು ಹಾಸ್ಯ ನಾಟಕ. ಮುಂದೆ ಬರುವ ಚಟಾಕಿ ಅವನಿಗೆ ಬಾಯಿಪಾಠ. ನಟ ಬಾಯಿ ತೆರೆಯುವ ಮೊದಲೇ ಪರದೆಯ ಹಿಂದಿನಿಂದ ಅವನ ನಗು ಕೇಳಿಬರುತ್ತಿತ್ತು. ಪ್ರೇಕ್ಷಕರು ಆ ನಗುವಿಗೆ ನಕ್ಕು, ನಟನ ಮಾತಿಗೆ ಸುಮ್ಮನೆ ಕೂರುತ್ತಿದ್ದರು. ನಗುವುದಕ್ಕೆ ಭಾಷೆಯೇ ಬಾರದ ಮನುಷ್ಯ ಸಿಕ್ಕಿದ್ದು ಜಯಂತಿಭಾಯಿಗೆ ವರವಾಯಿತು. ಆ ಅರ್ಹತೆಯ ಮೇಲೆ ನಾನು ರಂಗಭೂಮಿಯನ್ನು ಪ್ರವೇಶಿಸಿದೆ.

ಅರ್ಹತೆ ಬಹಳ ದಿನ ಉಳಿಯಲಿಲ್ಲ. ರಂಗದ ಪಕ್ಕದ ಪರದೆಯ ಮರೆಯಲ್ಲಿ ನಿಂತು ಕೇಳಿ ಕೇಳಿ ಗುಜರಾತಿ ಬಂದೇಬಿಟ್ಟಿತು. ಆದರೆ ಬಂದದ್ದೆಲ್ಲ ನಾಟಕದ ಗುಜರಾತಿ. ಬದನೆಕಾಯಿ ಮಾರುವವಳು ಹೇಳಿದ ಬೆಲೆಗೆ ಬಗ್ಗದಿದ್ದಾಗ, ಸೊಸೆಯ ಮನೆಯಿಂದ ಹೊರಬೀಳುವ ಮಾವ ಹೇಳುವ ಮಾತನ್ನು ಅದೇ ಧ್ವನಿಯಲ್ಲಿ ಹೇಳಿದೆ. ಇನ್ನು ಈ ಜನ್ಮದಲ್ಲಿ ನಿನ್ನ ಹೊಸ್ತಿಲು ತುಳಿಯುವುದಿಲ್ಲ ಎಂಬ ಅರ್ಥದ ಮಾತು ಅದು. ಅವಳಿಗೆ ಕರುಳು ಚುರುಕ್ಕೆಂದಿರಬೇಕು. ಬದನೆಕಾಯಿಯ ಬೆಲೆ ಇಳಿಸಲಿಲ್ಲ, ಆದರೆ ಒಂದು ಹಿಡಿ ಕೊತ್ತಂಬರಿ ಸೊಪ್ಪು ಪುಕ್ಕಟೆಯಾಗಿ ಚೀಲಕ್ಕೆ ಹಾಕಿದಳು.

ಮದುವೆಯಾದ ಹೊಸತು. ಹೊಸ ಹೆಂಡತಿಗೆ ನನ್ನ ಪ್ರತಾಪ ತೋರಿಸಬೇಕೆಂಬ ಹುಮ್ಮಸ್ಸು ಯಾರಿಗಿರುವುದಿಲ್ಲ ಹೇಳಿ. ಶಾರದೆಯನ್ನು ನಾಟಕಕ್ಕೆ ಕರೆದೊಯ್ದು ಮುಂದಿನ ಸಾಲಿನಲ್ಲಿ ಕೂರಿಸಿ, ನೋಡುತ್ತಿರು ಎಂದು ಹೇಳಿ ನಾನು ಒಳಗೆ ಹೋದೆ. ಅವಳಿಗೆ ಆಗ ಗುಜರಾತಿ ಗಂಧವಿಲ್ಲ. ಮದುವೆಗೆ ತಂದಿದ್ದ ಇಳಕಲ್ ಸೀರೆ ಉಟ್ಟು, ಬಂದ ನಟರ ಮುಖವನ್ನೆಲ್ಲ ಒಬ್ಬೊಬ್ಬರದಾಗಿ ಪರೀಕ್ಷಿಸುತ್ತ ಮೂರು ತಾಸು ಕೂತಿದ್ದಳು. ನಾಟಕ ಮುಗಿದ ಮೇಲೆ ಹೆಮ್ಮೆಯಿಂದ ಬೆವರೊರೆಸಿಕೊಳ್ಳುತ್ತ ಹೊರಗೆ ಬಂದೆ.

"ನೀವು ಎಲ್ಲಿದ್ರಿ?" ಎಂದಳು.

"ದೀಪ ಆರಿದಾಗೊಮ್ಮೆ ನಾನ ಇದ್ದೆನಲ್ಲ!"

"ದೀಪ ಆರಿದ್ರ ಏನ್ ಕಾಣಸ್ತದ್ರೀ? ನಾ ಎಲ್ಲಾರ ಮಾರಿ ನೋಡಿ ನೋಡಿ ಕುತಗಿ ನೋಯಿಸಿಕೊಂಡೆ. ಕಾಣಸೋ ಹಂಗ ಏನರೆ ಮಾಡಿದಾಗ ಹೇಳ್ರಿ, ಬರ್ತೀನಿ."

ಅಷ್ಟೇ. ಆಮೇಲೆ ಅವಳು ಒಂದು ನಾಟಕಕ್ಕೂ ಬರಲಿಲ್ಲ. ಜಗಳವಾಡಿ ಬಿಟ್ಟಿದ್ದರೆ ಸಮಾಧಾನ ಮಾಡಬಹುದಿತ್ತು. ಅವಳು ನಗುತ್ತಲೇ ಬಿಟ್ಟಳು. ಅಂದಿನಿಂದ ನನ್ನ ಎದೆಯಲ್ಲಿ ಒಂದೇ ಆಸೆ ಮನೆ ಮಾಡಿತು. ದೀಪ ಉರಿಯುತ್ತಿರುವಾಗ, ಈ ಹೆಣ್ಣುಮಗಳು ಎದುರಿಗೆ ಕೂತಿರುವಾಗ, ನಾನು ಕಾಣಿಸಬೇಕು. ಊರೆಲ್ಲ ನೋಡದಿದ್ದರೂ ಚಿಂತೆಯಿಲ್ಲ, ಇವಳು ನೋಡಬೇಕು.

ಇಲ್ಲಿ ನಮ್ಮವ್ವನ ವಿಷಯ ಸ್ವಲ್ಪ ಹೇಳದಿದ್ದರೆ ಮುಂದಿನದು ನಿಮಗೆ ಸರಿಯಾಗಿ ತಿಳಿಯುವುದಿಲ್ಲ. ಎತ್ತಿಡುವ ಚಟ ನನಗೆ ರಂಗಭೂಮಿಯಿಂದ ಅಂಟಿದ್ದಲ್ಲ, ಹೆತ್ತವಳಿಂದ ಬಂದದ್ದು. ನಮ್ಮವ್ವನಿಗೆ ನೆಲದ ಮೇಲೆ ಒಂದು ವಸ್ತು ಬಿದ್ದಿದ್ದರೆ ಜೀವ ತಡೆಯುತ್ತಿರಲಿಲ್ಲ. ಬಂದ ನೆಂಟರು ಮೈಮುರಿಯಲೆಂದು ಎದ್ದು ನಿಂತರೆ, ಮತ್ತೆ ಕೂರುವಷ್ಟರಲ್ಲಿ ಚಾಪೆ ಸುರುಳಿಯಾಗಿ ಮೂಲೆ ಸೇರಿರುತ್ತಿತ್ತು. ಅತ್ತೆಯ ಮಗಳ ನಿಶ್ಚಯದ ಊಟದಲ್ಲಿ ಬೀಗರ ಕಡೆಯ ಅಜ್ಜ ಒಬ್ಬರು ಹೂರಣದ ಹೋಳಿಗೆಯನ್ನು ಕೊನೆಗೆ ತಿನ್ನೋಣವೆಂದು ಎಲೆಯ ಮೂಲೆಯಲ್ಲಿ ಜೋಪಾನವಾಗಿ ಇಟ್ಟುಕೊಂಡಿದ್ದರು. ಕೆಮ್ಮು ಬಂತೆಂದು ಗೋಡೆಯ ಕಡೆ ತಿರುಗಿದರು. ಇತ್ತ ತಿರುಗಿದರೆ ಎಲೆಯೂ ಇಲ್ಲ, ಹೋಳಿಗೆಯೂ ಇಲ್ಲ, ನೆಲ ಒರೆಸಿ ಸ್ವಚ್ಛ. ಹೋಳಿಗೆ ಅಷ್ಟು ಹೊತ್ತಿಗೆ ಹಿತ್ತಲ ಎಮ್ಮೆಯ ಬಾಯಲ್ಲಿತ್ತು. ಮದುವೆಗೇನೂ ತೊಂದರೆಯಾಗಲಿಲ್ಲ. ಆದರೆ ಆ ಅಜ್ಜ ಮುಂದೆ ನಮ್ಮ ಮನೆಯಲ್ಲಿ ಉಣ್ಣುವಾಗೆಲ್ಲ ಎಡಗೈಯಲ್ಲಿ ಎಲೆಯ ಅಂಚು ಹಿಡಿದುಕೊಂಡೇ ಉಣ್ಣುತ್ತಿದ್ದರು.

ಮುಂದೆ ನನಗೆ ಅಹಮದಾಬಾದಿನ ಚಾಂದ್‌ಖೇಡಾಕ್ಕೆ ವರ್ಗವಾಯಿತು, ಸೂರತ್ತಿಗೂ ಆಯಿತು. ಜಯಂತಿಭಾಯಿಯ ತಂಡ ಶನಿವಾರ ಭಾನುವಾರ ಈ ಮೂರು ಊರುಗಳನ್ನೇ ಸುತ್ತುತ್ತಿದ್ದುದರಿಂದ ನಾನು ಎಲ್ಲಿದ್ದರೂ ಅವನ ಕೈಗೆ ಸಿಗುತ್ತಿದ್ದೆ. ಮೂರರಲ್ಲಿ ಸೂರತ್ತಿನ ಪ್ರೇಕ್ಷಕರೆಂದರೆ ನಟರಿಗೆ ಪ್ರೀತಿಯೂ ಹೌದು, ನಡುಕವೂ ಹೌದು. ಮಧ್ಯಂತರದಲ್ಲಿ ಬಟಾಟಾವಡೆ ತಿನ್ನುವುದಕ್ಕೇ ಬಂದವರು, ನಡುವೆ ಸಮಯವಿದ್ದರೆ ನಾಟಕವನ್ನೂ ನೋಡುತ್ತಾರೆ. ಮಾತು ಹಿಡಿಸದಿದ್ದರೆ ಕೂತಲ್ಲಿಂದಲೇ ಬೇರೆ ಮಾತು ಸೂಚಿಸುತ್ತಾರೆ.

ಅಲ್ಲಿಯೇ ಅದು ಆದದ್ದು. ನಾಟಕದಲ್ಲಿ ಒಬ್ಬ ಡೌಲಿನ ಅಪ್ಪ. ಮಗಳನ್ನು ನೋಡಲು ಬಂದ ಗಂಡಿನ ಕಡೆಯವರ ಮುಂದೆ ತಾನು ಭಾರೀ ಶ್ರೀಮಂತನೆಂದು ಬಡಾಯಿ ಕೊಚ್ಚುತ್ತಾನೆ. ಆ ಅಪ್ಪನ ಪಾತ್ರ ಜಯಂತಿಭಾಯಿಯದೇ. ದೃಶ್ಯದ ನಡುವೆ ದೀಪ ಒಮ್ಮೆ ಆರಿ ಹತ್ತಬೇಕು. ಆ ಕತ್ತಲಲ್ಲಿ ನಾನು ದೊಡ್ಡ ಕೆತ್ತನೆಯ ಕುರ್ಚಿಯನ್ನು ಎತ್ತಿಕೊಂಡು ಒಳಗೆ ಹೋಗಬೇಕು. ಅಂದು ದೀಪದವನಿಗೆ ಏನಾಯಿತೋ, ನಾನು ಕುರ್ಚಿ ಎತ್ತಿ ನಡುವೇದಿಕೆಯಲ್ಲಿ ಇರುವಾಗಲೇ ಜಗ್ಗೆಂದು ದೀಪ ಹತ್ತಿಸಿದ. ಕರಿ ಅಂಗಿ, ತಲೆಯ ಮೇಲೆ ಕುರ್ಚಿ, ಎದುರಿಗೆ ತುಂಬಿದ ಸೂರತ್. ಸಭಾಂಗಣ ಗಪ್‌ಚಿಪ್ಪಾಯಿತು. ಜಯಂತಿಭಾಯಿ ಬುದ್ಧಿವಂತ ನಟ, ಸಾವರಿಸಿಕೊಂಡು ಯಾರಯ್ಯಾ ನೀನು, ನನ್ನ ಕುರ್ಚಿ ಎಲ್ಲಿಗೆ ಒಯ್ಯುತ್ತೀ ಎಂದು ಗದರಿಸಿದ. ನನಗೆ ಸುಳ್ಳು ಹೊಳೆಯಲಿಲ್ಲ. ಕುರ್ಚಿ ನಿಜವಾಗಿಯೂ ಮದುವೆ ಮಂಟಪ ಹಾಕುವವರ ಅಂಗಡಿಯಿಂದ ಬಾಡಿಗೆಗೆ ತಂದದ್ದು. "ಆ ಖುರ್ಶೀ ಭಾಡಾನೀ ಛೆ" ಎಂದೆ. ಇದು ಬಾಡಿಗೆ ಕುರ್ಚಿ ಎಂದು.

ಗಂಡಿನ ಕಡೆಯವರ ಮುಂದೆ ಅಪ್ಪನ ಬಡಾಯಿಯೆಲ್ಲ ಬಯಲಾಯಿತಲ್ಲ, ಸೂರತ್ತಿನವರು ಬಟಾಟಾವಡೆಯನ್ನೂ ಮರೆತು ನಕ್ಕರು. ಶಿಳ್ಳೆ ಹೊಡೆದರು. ಒಳಗೆ ಬಂದ ಮೇಲೆ ಜಯಂತಿಭಾಯಿ ಹೊಡೆಯುತ್ತಾನೆಂದು ನಾನು ಕುರ್ಚಿಯ ಹಿಂದೆ ಅಡಗಿದೆ. ಅವನು ಹುಡುಕಿಕೊಂಡು ಬಂದು, ಮುಂದಿನ ಆಟದಿಂದ ಇದನ್ನು ಹೀಗೆಯೇ ಇಡೋಣ, ಆದರೆ ನೀನು ನಟಿಸುವುದಕ್ಕೆ ಮಾತ್ರ ಹೋಗಬೇಡ ಎಂದ.

ಮನೆಗೆ ಬಂದವನೇ ಶಾರದೆಗೆ ಸುದ್ದಿ ಕೊಟ್ಟೆ. "ಈಗ ನನಗ ಮಾತು ಕೊಟ್ಟಾರ. ದೀಪದಾಗ. ಬರ್ತೀ ಇಲ್ಲೋ?"

"ಎಷ್ಟು ಮಾತು?"

"ಒಂದು."

"ಒಂದು ಮಾತಿಗೆ ಕೂಸಿನ್ನ ಕಟಗೊಂಡು ಅಲ್ಲೀತನಕಾ ಬರಬೇಕೇನು? ಇಲ್ಲೇ ಅಂದು ತೋರಸ್ರಿ."

ಅಡುಗೆಮನೆಯ ಬಾಗಿಲಲ್ಲಿ ನಿಂತು, ಸ್ಟೂಲನ್ನು ತಲೆಯ ಮೇಲೆ ಹೊತ್ತು, ಅಂದು ತೋರಿಸಿದೆ. ಛಲೋ ಅದ ಎಂದು ಹೇಳಿ ಕುಕ್ಕರಿನ ಕಡೆ ತಿರುಗಿದಳು. ಮಗಳು ಸ್ನೇಹಾ ಮಾತ್ರ ಚಪ್ಪಾಳೆ ತಟ್ಟಿದಳು. ಅವಳಿಗೆ ಆಗ ಹಲ್ಲು ಬರುತ್ತಿತ್ತು, ಎಲ್ಲದಕ್ಕೂ ಚಪ್ಪಾಳೆ ತಟ್ಟುತ್ತಿದ್ದಳು.

ಒಂದು ಮಾತು ಎರಡಾಯಿತು, ಎರಡು ನಾಲ್ಕಾಯಿತು. ನಿವೃತ್ತನಾಗಿ ವಡೋದರಾಕ್ಕೆ ಮರಳುವ ಹೊತ್ತಿಗೆ ಗುಜರಾತಿಯಲ್ಲಿ ಸಿನಿಮಾ ಮಾಡುವ ಹುರುಪಿನ ಹುಡುಗರು ಸಾಕಷ್ಟು ಹುಟ್ಟಿಕೊಂಡಿದ್ದರು. ಅವರಿಗೆ ಮುದುಕರು ಬೇಕಾಗಿದ್ದರು. ತಲೆ ನೆರೆತ, ಹೊತ್ತಿಗೆ ಸರಿಯಾಗಿ ಬರುವ, ಊಟದ ಬಗ್ಗೆ ತಕರಾರು ಮಾಡದ ಮುದುಕರು. ನನ್ನನ್ನು ಕಾವಲುಗಾರ ಮಾಡಿದರು, ಕೋರ್ಟಿನ ಅಮೀನ ಮಾಡಿದರು. ಒಂದು ಧಾರಾವಾಹಿಯಲ್ಲಿ ಹೆಣ ಮಾಡಿದರು. ಹೆಣದ ಪಾತ್ರ ಬಹಳ ಸಹಜವಾಗಿ ಬಂತೆಂದು ಎಲ್ಲರೂ ಹೊಗಳಿದರು. ಮುಖ ಚೆನ್ನಾಗಿ ಕಾಣುತ್ತದೆ, ಇದನ್ನಾದರೂ ನೋಡು ಎಂದು ಮೊಬೈಲು ಹಿಡಿದು ಶಾರದೆಯ ಮುಂದೆ ಹೋದರೆ ಅವಳು ಸೌಟು ತೋರಿಸಿದಳು.

"ಹಣಿಗೆ ಕುಂಕುಮಾ ಹಚಗೊಂಡು ಅದನ್ನ ನೋಡ್ಲೇನು? ಹೋಗ್ರಿ ಅತ್ಲಾಗ!"

ಅದೂ ತಪ್ಪಿತು.

ಇನ್ನು ನನ್ನ ಶೂಟಿಂಗಿನ ಪ್ರತಾಪ. ಮೊದಲ ದಿನ ನಾನು ಚಹಾ ಕುಡಿಯುತ್ತ ನಾಯಕನಿಗೆ ದಾರಿ ಹೇಳಬೇಕು. ಹೇಳಿದೆ. ಕಟ್ ಎಂದರು. ಕಟ್ ಎಂದರೆ ದೃಶ್ಯ ಮುಗಿಯಿತು. ದೃಶ್ಯ ಮುಗಿದ ಮೇಲೆ ಸಾಮಾನು ವೇದಿಕೆಯ ಮೇಲೆ ಇರಬಾರದು. ಇಷ್ಟು ವರ್ಷ ನನ್ನ ಕೈಕಾಲಿಗೆ ಗೊತ್ತಿದ್ದದ್ದು ಅದೊಂದೇ. ಅವರು ಕ್ಯಾಮೆರಾ ಇನ್ನೊಂದು ಬದಿಗೆ ತಿರುಗಿಸಿ ನೋಡುವಷ್ಟರಲ್ಲಿ ಕಪ್ಪು, ಬಸಿ, ಬೆಂಚು, ಬೆಂಚಿನ ಮೇಲಿದ್ದ ಪೇಪರು, ಮೂಲೆಯಲ್ಲಿದ್ದ ತುಳಸಿ ಕುಂಡ ಎಲ್ಲವನ್ನೂ ಎತ್ತಿ ಒಳಗೆ ಸಾಲಾಗಿ ಜೋಡಿಸಿ, ಕೈ ತೊಳೆದುಕೊಂಡು ನಿಂತಿದ್ದೆ. ಸಿನಿಮಾದಲ್ಲಿ ಒಂದೇ ದೃಶ್ಯವನ್ನು ನಾಲ್ಕು ಕಡೆಯಿಂದ ತೆಗೆಯುತ್ತಾರೆ, ಕಪ್ಪು ಇದ್ದಲ್ಲೇ ಇರಬೇಕು ಎಂದು ನನಗೆ ಯಾರು ಹೇಳಿದ್ದರು? ಯಾವ ವಸ್ತು ಎಲ್ಲಿತ್ತು ಎಂದು ಕಾಯುವುದಕ್ಕೇ ಅಲ್ಲಿ ರಿದ್ಧಿ ಎಂಬ ಹುಡುಗಿ ಇದ್ದಳು. ಅವಳು ಅಳುವುದೊಂದು ಬಾಕಿ. ಆಮೇಲಿನಿಂದ ಕಟ್ ಎಂದೊಡನೆ ನಿರ್ದೇಶಕನಿಗಿಂತ ಜೋರಾಗಿ ರಿದ್ಧಿ "ಅಂಕಲ್, ಹಾಥ್ ಉಪರ್!" ಎಂದು ಕೂಗುತ್ತಿದ್ದಳು. ನಾನು ಪೊಲೀಸರಿಗೆ ಸಿಕ್ಕಿಬಿದ್ದವನ ಹಾಗೆ ಎರಡೂ ಕೈ ಮೇಲೆತ್ತಿ ನಿಲ್ಲುತ್ತಿದ್ದೆ.

ಇನ್ನೊಂದು ಕಷ್ಟ ಬೆಳಕಿನದು. ನಿಲ್ಲುವ ಜಾಗಕ್ಕೆ ನೆಲದ ಮೇಲೆ ಪಟ್ಟಿ ಅಂಟಿಸಿರುತ್ತಾರೆ. ನಾನು ಪಟ್ಟಿಯ ಮೇಲೆಯೇ ನಿಲ್ಲುತ್ತಿದ್ದೆ. ಮಾತು ಮುಗಿಯುವ ಹೊತ್ತಿಗೆ ಮಾತ್ರ ಹೇಗೋ ಒಂದು ಮಾರು ಆಚೆ, ಕತ್ತಲಲ್ಲಿ ಇರುತ್ತಿದ್ದೆ. ಬೆಳಕು ಮೈಮೇಲೆ ಬಿದ್ದರೆ ಏನೋ ತಪ್ಪಾಗಿದೆ ಎಂದು ಕಾಲು ತಾನಾಗಿ ಸರಿಯುತ್ತಿತ್ತು.

ಇಂಥವನಿಗೆ ಪಾರ್ಥ ಎಂಬ ಹುಡುಗ ನಿರ್ದೇಶಕ ತನ್ನ ಸಿನಿಮಾದಲ್ಲಿ ನಾಯಕಿಯ ಅಪ್ಪನ ಪಾತ್ರ ಕೊಟ್ಟ. ದೊಡ್ಡ ಪಾತ್ರ. ಹೆಸರಿತ್ತು, ಅಳಿಯನಿದ್ದ, ರಕ್ತದೊತ್ತಡ ಇತ್ತು. ನನಗೆ ಎರಡು ದಿನ ಊಟ ಸೇರಲಿಲ್ಲ. ಶಾರದೆ ಈ ಸಲ ನಗಲಿಲ್ಲ. "ಮಾರಿ ಕಾಣಸ್ತದೇನು?" ಎಂದು ಕೇಳಿದಳು. ಕಾಣಿಸುತ್ತದೆ, ತೆರೆಯ ತುಂಬ ಎಂದೆ. "ಹಂಗಾರ ಬರ್ತೀನಿ" ಎಂದಳು. ಆ ಎರಡು ಶಬ್ದ ಕೇಳುವುದಕ್ಕೆ ನಾನು ಎಷ್ಟು ಸೋಫಾ ಹೊತ್ತಿದ್ದೆನೆಂದು ನಿಮಗೆ ಗೊತ್ತೇ ಇದೆ.

ಆದರೆ ಅದರಲ್ಲಿ ಒಂದು ದೃಶ್ಯವಿತ್ತು. ಮದುವೆ ಮುಗಿದು ಮಗಳು ಗಂಡನ ಮನೆಗೆ ಹೊರಟುಹೋಗಿದ್ದಾಳೆ. ಅಂಗಳದ ತುಂಬ ಖಾಲಿ ಕುರ್ಚಿಗಳು. ಅಪ್ಪ ಒಬ್ಬನೇ ಕೂತಿರಬೇಕು. ಮಾತಿಲ್ಲ, ಕೆಲಸವಿಲ್ಲ, ಬರೀ ಕೂರಬೇಕು. ಮುಖದ ಮೇಲೆ ಕ್ಯಾಮೆರಾ. ಅಹಮದಾಬಾದಿನ ಒಂದು ಹಳೆಯ ಬಂಗಲೆಯಲ್ಲಿ ಚಿತ್ರೀಕರಣ. ಅಂಗಳದ ತುಂಬ ಖಾಲಿ ಕುರ್ಚಿ ಹರಡಿ, ನಡುವೆ ನನ್ನನ್ನು ಕೂರಿಸಿ, ಸುಮ್ಮನಿರು ಎಂದರೆ ಹೇಗೆ? ಎಮ್ಮೆಯನ್ನು ಹಸಿ ಹುಲ್ಲಿನ ನಡುವೆ ಕಟ್ಟಿ ಉಪವಾಸ ಮಾಡು ಎಂದ ಹಾಗಾಯಿತು. ಪ್ರತಿ ಸಲ ನನ್ನ ಕೈ ಪಕ್ಕದ ಕುರ್ಚಿಯ ಬೆನ್ನಿಗೆ ಹೋಗುತ್ತಿತ್ತು. ಒಮ್ಮೆ ಎದ್ದು ಎರಡು ಕುರ್ಚಿ ಒಂದರ ಮೇಲೊಂದು ಹಾಕಿಯೂ ಬಿಟ್ಟಿದ್ದೆ. ಮಧ್ಯಾಹ್ನದ ಹೊತ್ತಿಗೆ ಪಾರ್ಥ ಬೇಸತ್ತು, ಮುಂಬೈಯಿಂದ ಬೇರೆ ನಟನನ್ನು ಕರೆಸುವ ಬಗ್ಗೆ ಫೋನಿನಲ್ಲಿ ಮಾತಾಡುವುದು ಕಿವಿಗೆ ಬಿತ್ತು. ಕಾವಲುಗಾರನ ಪಾತ್ರ ಹೋಗಿದ್ದರೆ ಬೇಸರವಿರಲಿಲ್ಲ. ಶಾರದೆ ಬರುತ್ತೇನೆಂದಿದ್ದ ಪಾತ್ರ ಇದೊಂದೇ.

ಉಳಿಸಿದವಳು ರಿದ್ಧಿ. ಮದುಮಗಳಿಗೆ ಮೆಹೆಂದಿ ಹಾಕಲು ಬಂದಿದ್ದ ಹೆಂಗಸನ್ನು ಎಳೆದುಕೊಂಡು ಬಂದು, ನನ್ನ ಎರಡೂ ಅಂಗೈಗೆ, ಬೆರಳ ಸಂದಿಗೂ ಬಿಡದೆ, ಹಸಿ ಮೆಹೆಂದಿ ಬಳಿಸಿದಳು. ಮೈಮೇಲೆ ಬಿಳಿ ಕುರ್ತಾ, ಅದಕ್ಕೆ ಬದಲಿ ಇರಲಿಲ್ಲ. "ಅಂಕಲ್, ಅಬ್ ಕುಛ್ ಛೂಕೇ ದಿಖಾವೋ" ಎಂದಳು. ಈಗ ಏನನ್ನಾದರೂ ಮುಟ್ಟಿ ನೋಡು ಎಂದು. ಕ್ಯಾಮೆರಾ ಮುಖವನ್ನಷ್ಟೇ ನೋಡುತ್ತದಾದ್ದರಿಂದ ಕೈಗಳನ್ನು ತೊಡೆಗೆ ತಾಗದ ಹಾಗೆ ಕೆಳಗೆ ತೇಲಿಸಿಕೊಂಡು ಕೂತೆ.

ಆಗ ಮೂಗು ಕಡಿಯತೊಡಗಿತು. ತಲೆಯ ಮೇಲಿನ ಚಪ್ಪರಕ್ಕೆ ಚೆಂಡುಹೂವಿನ ಮಾಲೆ ಕಟ್ಟಿದ್ದರು, ಅದರ ಪುಡಿ ಬಿತ್ತೋ ಏನೋ. ಮೊದಲು ತುದಿಯಲ್ಲಿ, ಆಮೇಲೆ ಒಳಗೆ. ಕೆರೆದುಕೊಳ್ಳುವಂತಿಲ್ಲ. ಸೀನಿದರೆ ಮುಂಬೈಯವನು ರೈಲು ಹತ್ತುತ್ತಾನೆ. ತುಟಿ ಕಚ್ಚಿದೆ. ಗದ್ದ ನಡುಗಿತು. ಕಣ್ಣಲ್ಲಿ ನೀರು ತುಂಬಿ, ಒಂದು ಹನಿ ನಿಧಾನವಾಗಿ ಕೆನ್ನೆಯ ಮೇಲೆ ಇಳಿಯಿತು. ಪಾರ್ಥ ಕಟ್ ಎನ್ನಲೇ ಇಲ್ಲ. ಕೊನೆಗೆ ಎಂದಾಗ ಅವನ ಧ್ವನಿಯೇ ಒಡೆದಿತ್ತು. ಓಡಿಬಂದು ನನ್ನನ್ನು ಅಪ್ಪಿಕೊಂಡ. ನಾನು ಅವನ ಹೆಗಲಿಗೆ ಮೂಗು ತಿಕ್ಕಿ ತಿಕ್ಕಿ ಸುಖಪಟ್ಟೆ. ನಾನು ಇನ್ನೂ ಅಳುತ್ತಿದ್ದೇನೆಂದು ತಿಳಿದು ಅವನು ಬೆನ್ನು ಸವರಿದ. ಈ ಗುಟ್ಟು ನನ್ನೊಂದಿಗೆ ಮಣ್ಣಾಗಲಿ ಎಂದು ಅಂದೇ ನಿಶ್ಚಯಿಸಿದೆ.

ಸಿನಿಮಾ ಬಂತು. ಪತ್ರಿಕೆಯಲ್ಲಿ ಯಾರೋ ಆ ದೃಶ್ಯವನ್ನೇ ಎತ್ತಿ ಹೊಗಳಿದರು. ಸೂರತ್ತಿನಲ್ಲಿ ಗಂಡನ ಮನೆಯಲ್ಲಿರುವ ಸ್ನೇಹಾ ಓಡಿಬಂದು, ವಡೋದರಾದ ಮಾಲ್ ಒಂದರಲ್ಲಿ ಬೆಳಗಿನ ಆಟಕ್ಕೆ ಟಿಕೆಟ್ ತೆಗೆಸಿದಳು. ಶಾರದೆ ಇಳಕಲ್ ಸೀರೆ ಉಟ್ಟು ಹೊರಟಳು. ನಾನು ಸಿನಿಮಾ ನೋಡಲಿಲ್ಲ, ಅವಳನ್ನು ನೋಡುತ್ತ ಕೂತೆ. ಆ ದೃಶ್ಯ ಬಂತು. ತೆರೆಯ ಅಂಚಿನಿಂದ ಅಂಚಿಗೆ ನನ್ನ ಮುಖ. ನನಗೇ ನಾಚಿಕೆಯಾಗುವಷ್ಟು ದೊಡ್ಡದು. ಸುತ್ತ ಮೂಗು ಏರಿಸುವ ಸದ್ದು. ಸ್ನೇಹಾ ಬಿಕ್ಕುತ್ತಿದ್ದಳು. ಶಾರದೆ ಸೆರಗನ್ನು ಬಾಯಿಗೊತ್ತಿಕೊಂಡಿದ್ದಳು, ಭುಜ ಅಲುಗುತ್ತಿತ್ತು. ಅಬ್ಬಾ, ಗೆದ್ದೆ ಎಂದುಕೊಂಡೆ. ಬಗ್ಗಿ ನೋಡಿದರೆ ಅವಳು ನಗುತ್ತಿದ್ದಳು. ಉಸಿರು ಕಟ್ಟುವಂತೆ ನಗುತ್ತಿದ್ದಳು.

ಹೊರಗೆ ಬಂದಾಗ ಸ್ನೇಹಾ ನನ್ನ ತೋಳು ಹಿಡಿದುಕೊಂಡು, ಹಿಂದಿ ಗುಜರಾತಿ ಬೆರೆತ ತನ್ನ ಕನ್ನಡದಲ್ಲಿ ಕೇಳಿದಳು. "ಪಪ್ಪಾ, ಸಾಚ್ಚು ಹೇಳು. ನನ್ನ ಲಗ್ನ ಯಾದ್ ಆತು ಹೌದಲ್ಲ? ಅದಕ್ಕೇ ರೋನಾ ಬಂತಲ್ಲ?"

ನಾನು ಹೌದೆನ್ನಲೋ ಬೇಡವೋ ಎಂದು ಕಕ್ಕಾಬಿಕ್ಕಿಯಾಗಿ ಶಾರದೆಯ ಕಡೆ ನೋಡಿದೆ. "ಹೂಂ, ಮತ್ತ್ಯಾರ ಲಗ್ನ ನೆನಪಾಗಬೇಕವಾ ಅವರಿಗೆ" ಎಂದು ಅವಳೇ ಮಗಳ ಕೆನ್ನೆ ಒರೆಸಿದಳು. ಸ್ನೇಹಾ ತೃಪ್ತಿಯಿಂದ ಸೂರತ್ತಿನ ರೈಲಿಗೆ ಹೊರಟಳು. ನಾವಿಬ್ಬರೂ ಸ್ಕೂಟರ್ ಹತ್ತಿದೆವು.

ಸ್ವಲ್ಪ ದೂರ ಬಂದ ಮೇಲೆ ಹಿಂದಿನಿಂದ ಮಾತು ಬಂತು. "ಮೂಗು ಕಡೀತಿತ್ತು ಹೌದಿಲ್ಲೋ?"

ಸ್ಕೂಟರ್ ಒಮ್ಮೆ ಅಡ್ಡಡ್ಡ ಓಡಿತು. "ನಿನಗ ಯಾರು ಹೇಳಿದ್ರು?"

"ಯಾರ್ ಯಾಕ ಹೇಳಬೇಕು? ನೀವು ಅತ್ರ ಹಂಗ ಗದ್ದಾ ನಡಗೂದಿಲ್ಲ."

"ನಾ ಅತ್ತದ್ದು ನೀ ಎಲ್ಲಿ ನೋಡೀದಿ?" ಎಂದು ಕೇಳಿದೆ. ನನಗೆ ತಿಳಿದ ಮಟ್ಟಿಗೆ ನನ್ನ ಅಳುವನ್ನು ಯಾರೂ ನೋಡಿರಲಿಲ್ಲ.

"ಸ್ನೇಹಾನ ಲಗ್ನದ ದಿನ. ಅಕಿ ಕಾರು ಹೋತು, ಎಲ್ಲಾರೂ ಒಳಗ ಹೋದ್ರು. ನೀವು ಹಿಂದ ಅಡಗಿ ಮಾಡೋ ಕಡೆ ಹೋಗಿ, ಖಾಲಿ ಎಣ್ಣಿ ಡಬ್ಬಿ ಮ್ಯಾಲೆ ಕುಂತ್ರಿ. ಶಲ್ಯಾ ಬಾಯಾಗ ತುರಕೊಂಡು ಅತ್ರಿ. ಕೂಸು ಅತ್ತಂಗ ಅತ್ರಿ. ನಾ ಕಿಡಕ್ಯಾಗ ನಿಂತಿದ್ದೆ."

ಒಂದು ಕೈಯಿಂದ ಕಣ್ಣೊರೆಸಿಕೊಂಡೆ. ಈ ಸಲ ಮೂಗಿನ ಕಾರಣದಿಂದಲ್ಲ. "ಮತ್ತ ಹೊರಗ ಯಾಕ ಬರ್ಲಿಲ್ಲ ನೀ?"

"ಬಂದಿದ್ರ ಕಣ್ಣ ಒರಸಿಕೊಂಡು ಏನರೆ ಎತ್ತಿಡಾಕ ಶುರು ಮಾಡತಿದ್ರಿ. ಅಳೂ ಅಷ್ಟ ಅಳ್ಳಿ ಅಂತ ಸುಮ್ನ ನಿಂತೆ."

ಚೌಕದಲ್ಲಿ ಕೆಂಪು ದೀಪ ಬಿತ್ತು. ಬಿಸಿಲು ನೆತ್ತಿ ಸುಡುತ್ತಿತ್ತು. ಹಿಂದೆ ತಿರುಗಿ ನೋಡುವ ಧೈರ್ಯವಾಗದೆ ಹ್ಯಾಂಡಲು ಹಿಡಿದು ಕೂತಿದ್ದೆ. ಅವಳು ನನ್ನ ಹೆಗಲ ಮೇಲೆ ಕೈಯಿಟ್ಟಳು.

"ಸಿನಿಮಾದಾಗ ಬೇಕಾದಷ್ಟು ಮೂಗು ಕಡಿಸಿಕೊಳ್ರಿ. ಆ ಡೈರೆಕ್ಟರ್ ಹುಡುಗ ಎಷ್ಟ ಕೇಳಿದ್ರೂ ಆ ಅಳು ಮಾತ್ರ ಅವಗ ಕೊಡಬ್ಯಾಡ್ರಿ. ಅದು ನಾ ನೋಡಿದ್ದು. ಅದು ನಂದು."